ನೀರಿಗೆ ಬೆನ್ನು ಹಾಕಿ ಕ್ಯಾಮೆರಾ ಇಡಿ

ಪ್ರಶ್ನೆ: ನನ್ನ ಅಜ್ಜ-ಅಜ್ಜಿಯ ಊರು ಶರಾವತಿಯ ಲಿಂಗನಮಕ್ಕಿ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿದೆ. ನಾನು ಹುಟ್ಟಿ ಬೆಳೆದದ್ದು ಬೆಂಗಳೂರಿನಲ್ಲಿ. ಕೆಲಸ ಬಿಟ್ಟು, ಸ್ವಂತ ಉಳಿತಾಯದಲ್ಲಿ, ಕೆಲವು ವರ್ಷಗಳಿಂದ ಈ ಮುಳುಗಡೆಯ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ‘ಸ್ಥಳಾಂತರ ಮತ್ತು ಸಾಂಸ್ಕೃತಿಕ ಅಸ್ಮಿತೆ’ ಎಂಬುದು ವಿಷಯ. ಅರವತ್ತು ಗಂಟೆಯಷ್ಟು ಚಿತ್ರೀಕರಣ ಆಗಿದೆ. ಹಿನ್ನೀರಿನ ಡ್ರೋನ್ ದೃಶ್ಯ, ಬೋಳು ಮರಗಳು, ಲಾಂಚ್, ಮನೆಯ ಗೋಡೆಯ ಮೇಲೆ ಬರೆಯುವ ಹಸೆ ಚಿತ್ತಾರ, ಹಿರಿಯರ ಸಂದರ್ಶನ ಎಲ್ಲವೂ ಇದೆ. ಸಂಕಲನಕ್ಕೆ ಕೂತರೆ ನೋಡಲು ಚೆಂದ, ಆದರೆ ಏನನ್ನೂ ಹೇಳುತ್ತಿಲ್ಲ. ಅಜ್ಜಿಯಂತೂ ಊರಿನ ಬಗ್ಗೆ ಕೇಳಿದರೆ ಲಾರಿಗೆ ಏನೇನು ಹೇರಿದರು ಎಂಬ ಲೆಕ್ಕವನ್ನೇ ಹೇಳುತ್ತಾರೆ. ಅದೂ ಅರ್ಧದಲ್ಲಿ ಕರೆಂಟ್ ಹೋಗಿ ಶಾಟ್ ಹಾಳಾಯಿತು. ಆ ಕಡೆಯ ಮಾತು ನನಗೆ ಪೂರ್ತಿ ಬರುವುದಿಲ್ಲ. ಈ ಚಿತ್ರ ಮಾಡಲು ನನಗೆ ಹಕ್ಕಿದೆಯೇ? ಅಸ್ಮಿತೆಯನ್ನು ತೆರೆಯ ಮೇಲೆ ತೋರಿಸುವುದು ಹೇಗೆ? ಇಪ್ಪತ್ತು ನಿಮಿಷದ ರಫ್ ಕಟ್ (ಮೊದಲ ಕಚ್ಚಾ ಸಂಕಲನ) ಜೊತೆಗಿಟ್ಟಿದ್ದೇನೆ. ಮಡೆನೂರಿನ ಹಳೆಯ ಅಣೆಕಟ್ಟು ನೀರಿನಿಂದ ಮೇಲೇಳುವ ಬರದ ಬೇಸಿಗೆಗೆ ಕಾಯಬೇಕೇ? ಶರಾವತಿಯ ಹೊಸ ವಿದ್ಯುತ್ ಯೋಜನೆಯನ್ನೂ ಚಿತ್ರದಲ್ಲಿ ಸೇರಿಸಲೇ?

ಉತ್ತರ: ರಫ್ ಕಟ್ಟನ್ನು ಮೂರು ಸಲ ನೋಡಿದೆ. ಎರಡನೆಯ ಸಲ ಪಕ್ಕದಲ್ಲಿ ಗಡಿಯಾರ ಇಟ್ಟುಕೊಂಡೇ ನೋಡಿದೆ. ಇಪ್ಪತ್ತು ನಿಮಿಷದಲ್ಲಿ ಒಂಬತ್ತೂವರೆ ನಿಮಿಷ ಬರೀ ನೀರು. ಬೆಳಗಿನ ಮಂಜು ಹೊದ್ದ ನೀರು, ಸಂಜೆಯ ಹೊಂಬಣ್ಣದ ನೀರು, ಮೇಲಿನಿಂದ ನೀರು, ದೋಣಿಯಿಂದ ನೀರು. ಶರಾವತಿಯ ಹಿನ್ನೀರು ಬಹಳ ಚೆಂದ ಎಂಬುದು ಚೆನ್ನಾಗಿ ಗೊತ್ತಾಗುತ್ತದೆ. ಪ್ರವಾಸದ ಜಾಹೀರಾತುಗಳೂ ಅದನ್ನೇ ಹೇಳುತ್ತವೆ. ನೀರು ತನ್ನ ಕೆಳಗಿರುವುದನ್ನು ಮುಚ್ಚಿಡುತ್ತದೆ. ನಿಮ್ಮ ಚಿತ್ರದೊಳಗೂ ಅದು ಅದೇ ಕೆಲಸ ಮಾಡಿದೆ.

ಆದ್ದರಿಂದ ನನ್ನ ಮೊದಲ ಸಲಹೆ ಸ್ವಲ್ಪ ಒರಟಾಗಿದೆ. ಮುಂದಿನ ಸಲ ಹೋದಾಗ ನೀರಿಗೆ ಬೆನ್ನು ಹಾಕಿ ಕ್ಯಾಮೆರಾ ಇಡಿ. ಮುಳುಗಿದ್ದನ್ನು ಹುಡುಕುವ ಕೆಲಸ ಸದ್ಯಕ್ಕೆ ಸಾಕು, ದಡ ಹತ್ತಿ ಬಂದದ್ದೇನು ಎಂದು ಹುಡುಕಿ.

ನೀವು ನೀರಿನ ಬೆನ್ನು ಹತ್ತಿದ್ದಕ್ಕೆ ಒಂದು ಕಾರಣವಿದೆ, ಅದು ನಿಮ್ಮ ತಪ್ಪಲ್ಲ. ನರ್ಮದೆಯ ಕಣಿವೆಯಲ್ಲಿ ಅಣೆಕಟ್ಟಿನ ವಿರುದ್ಧ ಹೋರಾಟ ನಡೆಯುವಾಗ ವಿಡಿಯೊ ಕ್ಯಾಮೆರಾ ಅಲ್ಲಿತ್ತು. ಸಾಕ್ಷ್ಯಚಿತ್ರ ನಿರ್ದೇಶಕರಾದ ಆನಂದ್ ಪಟವರ್ಧನ್ ಮತ್ತು ಸಿಮಂತಿನಿ ಧುರು ತೊಂಬತ್ತರ ದಶಕದಲ್ಲಿ ಆ ಜನರ ಜೊತೆಗೇ ಓಡಾಡಿ ಚಿತ್ರೀಕರಿಸಿದರು. ಶರಾವತಿಯಲ್ಲಿ ನೀರು ಎರಡು ಸಲ ಏರಿತು. ಮಡೆನೂರಿನಲ್ಲಿ ಹಿರೇಭಾಸ್ಕರ ಅಣೆಕಟ್ಟು ಕಟ್ಟಿದಾಗ, ನಲವತ್ತರ ದಶಕದ ಕೊನೆಗೆ ಒಮ್ಮೆ. 1964ರಲ್ಲಿ ಲಿಂಗನಮಕ್ಕಿ ಮುಗಿದಾಗ ಇನ್ನೊಮ್ಮೆ. ಎರಡನೆಯ ನೀರು ಮೊದಲನೆಯ ಅಣೆಕಟ್ಟನ್ನೂ ಸೇರಿಸಿ ನುಂಗಿತು. ಜಲಾಶಯದ ಗರಿಷ್ಠ ಮಟ್ಟವಾದ 1,819 ಅಡಿಯ ಗೆರೆ ಎಲ್ಲಿ ಹಾದುಹೋಯಿತೋ ಅದರ ಕೆಳಗಿನ ಊರು, ಗದ್ದೆ, ತೋಟ, ಬನ ಎಲ್ಲ ಹೋದವು. ಆಗ ಊರವರ ಕೈಯಲ್ಲಿ ಕ್ಯಾಮೆರಾ ಇರಲಿಲ್ಲ. ಇದ್ದವರು ಕಟ್ಟುವವರ ಕಡೆ ನಿಂತಿದ್ದರು. ಮುಳುಗುವ ಗಳಿಗೆಯ ದೃಶ್ಯ ನಿಮಗೆ ಎಲ್ಲಿಯೂ ಸಿಗಲಿಲ್ಲ, ಸಿಗದೇ ಉಳಿದ ಆ ಜಾಗಕ್ಕೆ ನೀವು ಡ್ರೋನ್ ಹಾರಿಸಿದ್ದೀರಿ. ಖಾಲಿ ಜಾಗ ಖಾಲಿಯಾಗಿಯೇ ಇರಲಿ. ದೃಶ್ಯ ಇಲ್ಲ ಎಂಬುದೂ ಈ ಕಥೆಯ ಒಂದು ಸಂಗತಿಯೇ.

ಇನ್ನು ನಿಮ್ಮ ವಿಷಯದ ಹೆಸರು. ರಫ್ ಕಟ್‌ನ ಹಿನ್ನೆಲೆ ದನಿಯಲ್ಲಿ ‘ಸ್ಥಳಾಂತರ’ ಎಂಬ ಪದ ಹನ್ನೊಂದು ಸಲ ಬರುತ್ತದೆ, ‘ಅಸ್ಮಿತೆ’ ಆರು ಸಲ. ಸಂದರ್ಶನ ಕೊಟ್ಟವರಲ್ಲಿ ಒಬ್ಬರ ಬಾಯಲ್ಲೂ ಈ ಎರಡೂ ಪದ ಬಂದಿಲ್ಲ. ಅವರು ಹೇಳುವುದು ‘ಮುಳುಗಡೆ’. ಸಾಗರ, ಹೊಸನಗರದ ಕಡೆ ಆ ಪದ ಒಂದು ಘಟನೆಯ ಹೆಸರು ಮಾತ್ರವಲ್ಲ. ‘ನಾವು ಮುಳುಗಡೆಯವರು’ ಎಂದರೆ ಅದು ವಿಳಾಸ. ‘ಮುಳುಗಡೆಗಿಂತ ಎರಡು ವರ್ಷ ಮುಂಚೆ ಹುಟ್ಟಿದವನು’ ಎಂದರೆ ಅದು ಪಂಚಾಂಗ. ‘ಅವರು ಮುಳುಗಡೆಯವರಂತೆ’ ಎಂದು ಹೊಸ ಊರಿನವರು ಹೇಳಿದರೆ ಅದರಲ್ಲಿ ಸಣ್ಣದೊಂದು ಮೂದಲಿಕೆಯೂ ಇರಬಹುದು. ಹಣ ಕೇಳುವ ಅರ್ಜಿಯಲ್ಲಿ ‘ಅಸ್ಮಿತೆ’ ಎಂದು ಬರೆಯಿರಿ, ಅಲ್ಲಿ ಅದು ಬೇಕಾಗುತ್ತದೆ. ಚಿತ್ರದೊಳಗೆ ತರಬೇಡಿ. ಒಂದು ಪದದೊಳಗೆ ವಿಳಾಸ, ಪಂಚಾಂಗ, ಮೂದಲಿಕೆ ಮೂರೂ ಇರುವಾಗ ಅದಕ್ಕಿಂತ ತೆಳುವಾದ ಪದವನ್ನು ಎರವಲು ತರುವುದು ಏಕೆ?

ಈಗ ನನಗೆ ಮುಖ್ಯವೆನಿಸಿದ ವಿಚಾರಕ್ಕೆ ಬರುತ್ತೇನೆ. ನಿಮ್ಮ ಪತ್ರದಲ್ಲಿ ಎಲ್ಲ ಇದೆ, ನಿಮ್ಮ ಅಜ್ಜನ ಮನೆಯವರು ಒಡೆಯರೋ ಗೇಣಿದಾರರೋ ಎಂಬುದೊಂದು ಇಲ್ಲ. ಸಾಗರದ ಸೀಮೆಯಲ್ಲಿ ಈ ಪ್ರಶ್ನೆ ಕೇಳದೆ ಮುಳುಗಡೆಯ ಚಿತ್ರ ಮಾಡಲು ಆಗುವುದಿಲ್ಲ.

1951ರಲ್ಲಿ ಕಾಗೋಡಿನಲ್ಲಿ ಸತ್ಯಾಗ್ರಹ ನಡೆಯಿತು. ಜಗಳ ಹತ್ತಿಕೊಂಡದ್ದು ಕೊಳಗದಿಂದ. ಗೇಣಿಯ ಭತ್ತ ಅಳೆಯುವ ಕೊಳಗ ಅಳತೆಗಿಂತ ದೊಡ್ಡದು ಎಂಬುದು ಒಕ್ಕಲುಗಳ ದೂರು. ಎಚ್. ಗಣಪತಿಯಪ್ಪನವರ ಮುಂದಾಳತ್ವದಲ್ಲಿ ದೀವರ ಸಮುದಾಯದ ಗೇಣಿದಾರರು ಎದ್ದು ನಿಂತರು, ಸಮಾಜವಾದಿಗಳು ಜೊತೆಗೂಡಿದರು, ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದರು. ಉಳುವವನಿಗೆ ಹೊಲ ಎಂಬ ಮಾತು ಕರ್ನಾಟಕದಲ್ಲಿ ನಿಜವಾದ ಕಾನೂನಾಗಿ ಬಂದದ್ದು ದೇವರಾಜ ಅರಸರ ಕಾಲದಲ್ಲಿ, 1974ರಲ್ಲಿ. ಈ ಎರಡು ಇಸವಿಗಳ ನಡುವೆ 1964 ಕೂತಿದೆ. ಅಂದರೆ ಗೇಣಿದಾರ ಹಕ್ಕು ಕೇಳಲು ಕಲಿತು ಹದಿಮೂರು ವರ್ಷವಾಗಿತ್ತು, ಆ ಹಕ್ಕು ಕೈಗೆ ಬರಲು ಇನ್ನೂ ಹತ್ತು ವರ್ಷ ಬಾಕಿ ಇತ್ತು, ಆಗ ಗದ್ದೆಗೆ ನೀರು ಬಂತು. ಕಾಗದದಲ್ಲಿ ಯಾರ ಹೆಸರಿತ್ತೋ ಪರಿಹಾರದ ಮಾತು ಅವರಿಂದಲೇ ಶುರುವಾಗುತ್ತಿತ್ತು. ತಲೆಮಾರುಗಳ ಕಾಲ ಉತ್ತವನ ಹೆಸರು ಎಷ್ಟೋ ಕಡೆ ಕಾಗದದಲ್ಲೇ ಇರಲಿಲ್ಲ. ಕೂಲಿಯವನ ಹೆಸರಂತೂ ದೂರದ ಮಾತು.

ಹಾಗಾಗಿ ಮುಳುಗಿದ್ದು ಒಂದು ಊರಲ್ಲ. ಒಂದೇ ಊರಿನೊಳಗೆ ತೋಟದ ಮನೆಯವರ ಊರು ಬೇರೆ, ಗೇಣಿ ಮಾಡಿದವರ ಊರು ಬೇರೆ, ಕೂಲಿ ಮಾಡುತ್ತಿದ್ದ ಹಸಲರ ಕೇರಿ ಬೇರೆ, ಮೂರೂ ಬೇರೆ ಬೇರೆ ಬೆಲೆಗೆ ಮುಳುಗಿದವು. ನಿಮ್ಮ ರಫ್ ಕಟ್‌ನಲ್ಲಿ ನಾಲ್ವರು ಹಿರಿಯರು ಜಗಲಿಯ ಮೇಲೆ ಕೂತು ‘ನಮ್ಮ ಊರು ಸ್ವರ್ಗದ ಹಾಗಿತ್ತು’ ಎನ್ನುತ್ತಾರೆ. ಹದಿನಾಲ್ಕನೆಯ ನಿಮಿಷದಲ್ಲಿ ಚೌಕಟ್ಟಿನ ಎಡ ಅಂಚನ್ನು ನೋಡಿ. ಜಗಲಿಯ ಕೆಳಗೆ, ಮೆಟ್ಟಿಲ ಮೇಲೆ ಒಬ್ಬರು ಕೂತಿದ್ದಾರೆ. ವಯಸ್ಸು ಅವರಷ್ಟೇ. ‘ಸ್ವರ್ಗ’ ಎಂಬ ಮಾತು ಬಂದಾಗ ಅವರು ಎದ್ದು ಎಲೆಯಡಿಕೆ ಉಗುಳಲು ಹೋಗುತ್ತಾರೆ. ಅವರನ್ನು ನೀವು ಮಾತನಾಡಿಸಿದಂತಿಲ್ಲ. ಮಾತನಾಡಿಸಿ. ಆದರೆ ಆ ಜಗಲಿಯ ಮುಂದೆ ಬೇಡ, ಅವರ ಮನೆಗೆ ಹೋಗಿ. ನಿಮ್ಮ ಅಜ್ಜಿಗೂ ಒಂದು ಪ್ರಶ್ನೆ ಕೇಳಿ: ಅಜ್ಜ ಕೊಳಗ ಹಿಡಿದು ನಿಲ್ಲುತ್ತಿದ್ದರೋ, ಕೊಳಗಕ್ಕೆ ಭತ್ತ ಸುರಿಯುತ್ತಿದ್ದರೋ? ಉತ್ತರ ಯಾವುದೇ ಬಂದರೂ ನಿಮ್ಮ ಚಿತ್ರಕ್ಕೆ ಬೆನ್ನೆಲುಬು ಸಿಗುತ್ತದೆ. ನಿಮಗೆ ಹಿಡಿಸದ ಉತ್ತರ ಬಂದರೆ ಇನ್ನೂ ಒಳ್ಳೆಯದು.

ದಡ ಹತ್ತಿ ಬಂದದ್ದೇನು ಎಂದೆ. ಅದರಲ್ಲಿ ಮೊದಲನೆಯದು ಕಾಗದ. ಮುಳುಗಡೆಯವರ ಮನೆಯಲ್ಲಿ ಒಂದು ಪ್ಲಾಸ್ಟಿಕ್ ಚೀಲ ಇದ್ದೇ ಇರುತ್ತದೆ. ದೇವರ ಗೂಡಿನ ಹಿಂದೆಯೋ ಟ್ರಂಕಿನ ತಳದಲ್ಲೋ ಸುತ್ತಿಟ್ಟಿರುತ್ತಾರೆ. ಅದರೊಳಗೆ ಕೈಬರಹದ ಪಹಣಿ, ನೋಟಿಸು, ರಸೀದಿ, ಅರ್ಜಿಯ ಪ್ರತಿ, ಅದರ ಮೇಲೊಂದು ಅರ್ಜಿ. ಶಿವಮೊಗ್ಗ ಜಿಲ್ಲೆಯ ಬೇರೆ ಬೇರೆ ತಾಲ್ಲೂಕುಗಳಿಗೆ ಚೆದುರಿದ ಈ ಜನರಿಗೆ ಜಾಗ ತೋರಿಸಿದ್ದು ಬಹಳ ಕಡೆ ಕಾಡಿನಲ್ಲಿ. ಶೆಟ್ಟಿಹಳ್ಳಿಯ ಸುತ್ತ ಮನೆ ಕಟ್ಟಿಕೊಂಡವರಿಗೆ 1974ರಲ್ಲಿ ಅದೇ ಕಾಡು ಅಭಯಾರಣ್ಯವಾಯಿತು. 1980ರ ಅರಣ್ಯ ಸಂರಕ್ಷಣಾ ಕಾಯ್ದೆ ಬಂದ ಮೇಲೆ ಅರಣ್ಯವನ್ನು ಬೇರೆ ಉದ್ದೇಶಕ್ಕೆ ಬಿಡಲು ಕೇಂದ್ರದ ಒಪ್ಪಿಗೆ ಬೇಕಾಯಿತು. ಈ ಜಾಗಗಳನ್ನು ಅರಣ್ಯದ ಪಟ್ಟಿಯಿಂದ ಬಿಡಿಸಲು ರಾಜ್ಯ ಸರ್ಕಾರ ಹೊರಡಿಸಿದ್ದ ಡಿನೋಟಿಫಿಕೇಷನ್ ಆದೇಶಗಳು 2021ರಲ್ಲಿ ಹೈಕೋರ್ಟಿನಲ್ಲಿ ರದ್ದಾದವು. ಸರ್ಕಾರವೇ ಕರೆತಂದು ಬಿಟ್ಟ ಜಾಗದಲ್ಲಿ ಮೂರನೆಯ ತಲೆಮಾರು ಒತ್ತುವರಿದಾರರ ಹಾಗೆ ಬದುಕುತ್ತಿದೆ. ನೀವು ಯಾರು, ಎಲ್ಲಿಯವರು, ಇಲ್ಲಿಗೆ ಏಕೆ ಬಂದಿರಿ ಎಂಬ ಪ್ರಶ್ನೆಗಳನ್ನು ಇವರು ಅರವತ್ತು ವರ್ಷಗಳಿಂದ ಸರ್ಕಾರಿ ಕಚೇರಿಯ ಕಿಟಕಿಯ ಮುಂದೆ ನಿಂತು ಉತ್ತರಿಸುತ್ತಾ ಬಂದಿದ್ದಾರೆ. ನೀವು ಹುಡುಕುತ್ತಿರುವ ಅಸ್ಮಿತೆಗೆ ಪ್ರತಿದಿನ ಪರೀಕ್ಷೆ ನಡೆಯುವುದು ಆ ಕಿಟಕಿಯ ಮುಂದೆ.

ಇದನ್ನು ಚಿತ್ರೀಕರಿಸುವಾಗ ಒಂದು ತಪ್ಪನ್ನು ಎಲ್ಲರೂ ಮಾಡುತ್ತಾರೆ, ನಾನೂ ಮಾಡಿದ್ದೇನೆ. ಕಾಗದವನ್ನು ಟೇಬಲ್ಲಿನ ಮೇಲೆ ಹರಡಿ, ಬೆಳಕು ಹಾಕಿ, ತೆರೆಯ ತುಂಬ ತೋರಿಸುವುದು. ಪ್ರೇಕ್ಷಕ ಕಾಗದ ಓದುವುದಿಲ್ಲ. ಚೀಲದ ಗಂಟು ಬಿಚ್ಚುವ ಕೈಯನ್ನು ಹಿಡಿಯಿರಿ. ಅಜ್ಜನಿಗೆ ಓದಲು ಬಾರದಿದ್ದರೆ ಮೊಮ್ಮಗ ಓದಿ ಹೇಳುತ್ತಾನೆ. ‘ಸದರಿ ಅರ್ಜಿದಾರರು’ ಎಂಬ ಆಫೀಸಿನ ಕನ್ನಡ ಆ ಹುಡುಗನ ನಾಲಿಗೆಯಲ್ಲಿ ತಡವರಿಸುತ್ತದೆ, ಅಜ್ಜ ಮಾತ್ರ ಕಣ್ಣು ಮುಚ್ಚಿಕೊಂಡು ಮುಂದಿನ ಸಾಲನ್ನು ತಾನೇ ಹೇಳುತ್ತಾರೆ. ಅಂಥ ದೃಶ್ಯ ಒಂದು ಸಿಕ್ಕರೆ ಹತ್ತು ತಜ್ಞರ ಸಂದರ್ಶನ ಬಿಸಾಡಬಹುದು. ಒಂದು ಎಚ್ಚರಿಕೆ ಇದೆ: ಸರ್ವೆ ನಂಬರು, ಹೆಸರು, ಚಕ್ಕುಬಂದಿ ತೆರೆಯ ಮೇಲೆ ಕಾಣದಂತೆ ನೋಡಿಕೊಳ್ಳಿ. ಒಕ್ಕಲೆಬ್ಬಿಸುವ ಭಯ ಇನ್ನೂ ಮುಗಿದಿಲ್ಲ. ನಿಮ್ಮ ಚಿತ್ರ ಯಾರದೋ ವಿರುದ್ಧದ ಸಾಕ್ಷಿಯಾಗಬಾರದು.

ಎರಡನೆಯದು ಹಬ್ಬ. ಹಸೆ ಚಿತ್ತಾರದ ದೃಶ್ಯ ನೋಡಿದೆ. ಕೊಳಲಿನ ಸಂಗೀತ, ನಿಧಾನಗತಿ, ಗೋಡೆಯ ಮೇಲೆ ಏಳುವ ಬಿಳಿ ಗೆರೆ. ಕೈ ಅದ್ಭುತವಾಗಿದೆ, ಒಪ್ಪುತ್ತೇನೆ. ಆದರೆ ಅದು ಮೇಳದ ಮಳಿಗೆಯಲ್ಲೂ ಸಿಗುವ ದೃಶ್ಯ. ಈ ಚಿತ್ತಾರಕ್ಕೆ ಬೇಕಾದದ್ದು ಕೆಮ್ಮಣ್ಣು, ಅಕ್ಕಿಹಿಟ್ಟಿನ ಬಿಳಿ, ಸುಟ್ಟ ಅಕ್ಕಿಯ ಕಪ್ಪು, ಗುರಿಗೆ ಬೀಜದ ಹಳದಿ, ಕುಂಚಕ್ಕೆ ಪುಂಡಿ ನಾರು. ಮಲೆನಾಡಿನ ಹಿತ್ತಿಲಲ್ಲಿ ಐದು ನಿಮಿಷಕ್ಕೆ ಒದಗುತ್ತಿದ್ದ ಇವು, ಮಣ್ಣೇ ಬೇರೆಯಾದ ಹೊಸ ಊರಿನಲ್ಲಿ ಎಲ್ಲಿಂದ ಬರುತ್ತವೆ? ಗುರಿಗೆ ಗಿಡ ಯಾರಾದರೂ ಸೊಂಟಕ್ಕೆ ಕಟ್ಟಿಕೊಂಡು ತಂದರೋ? ಅಥವಾ ಈಗ ಪೇಟೆಯ ಸ್ಟೇಷನರಿ ಅಂಗಡಿಯಿಂದ ಹಳದಿ ಬಣ್ಣದ ಡಬ್ಬಿ ಬರುತ್ತದೆಯೋ? ಹಾಗಿದ್ದರೆ ನನಗೆ ಆ ಅಂಗಡಿಯ ದೃಶ್ಯ ಬೇಕು, ‘ಈ ಹಳದಿ ಅಲ್ಲ, ಸ್ವಲ್ಪ ಕೊಳೆಯಾದ ಹಳದಿ ಕೊಡಿ’ ಎಂದು ಆಕೆ ಅಂಗಡಿಯವನ ಜೊತೆ ವಾದಿಸುವುದು ಬೇಕು. ನಮ್ಮ ನಿರ್ದೇಶಕರಿಗೆ ಶುದ್ಧವಾದದ್ದರ ಮೇಲೆ ಅದೇಕೋ ಮೋಹ. ಡಬ್ಬಿಯ ಬಣ್ಣ ಚೌಕಟ್ಟಿನೊಳಗೆ ಬಂದರೆ ಸರಿಸಿಡುತ್ತಾರೆ. ಆಕೆಯ ಕಣ್ಣಿನಲ್ಲಿ ಇನ್ನೂ ಇರುವ ಗುರಿಗೆಯ ಹಳದಿ ನಮಗೆ ಕಾಣಬೇಕಾದರೆ ಆ ಡಬ್ಬಿ ಬೇಕೇಬೇಕು.

ಭೂಮಿ ಹುಣ್ಣಿಮೆಯೂ ಹಾಗೆಯೇ. ಬಸುರಿಯಾದ ಭತ್ತದ ಪೈರಿಗೆ ಬಯಕೆ ಬಡಿಸುವ ದಿನ. ಚಿತ್ತಾರ ಬರೆದ ಭೂಮಣ್ಣಿ ಬುಟ್ಟಿ ಹೊತ್ತು ಬೆಳಕು ಹರಿಯುವ ಮುಂಚೆ ಗದ್ದೆಗೆ ಹೋಗಿ ಚರಗ ಬೀರುತ್ತಾರೆ. ನೂರೊಂದು ಬಗೆಯ ಸೊಪ್ಪು-ಕುಡಿ ಸೇರಬೇಕು ಎಂಬ ಮಾತಿದೆ. ಕಾಡಿಗೆ ಕಾಲಿಟ್ಟರೆ ಗಾರ್ಡು ಕೇಳುವ ಊರಿನಲ್ಲಿ ನೂರೊಂದು ಸೊಪ್ಪು ಎಷ್ಟಕ್ಕೆ ಇಳಿದಿದೆ ಎಂದು ಎಣಿಸಿದ್ದೀರಾ? ಭತ್ತ ಬಿಟ್ಟು ಜೋಳ, ಶುಂಠಿ ಹಾಕಿದವರು ಬುಟ್ಟಿಯನ್ನು ಯಾವುದರ ಮುಂದೆ ಇಳಿಸುತ್ತಾರೆ? ಶುಂಠಿಗೆ ಬಯಕೆ ಉಂಟೇ? ನಾನು ತಮಾಷೆಗೆ ಕೇಳುತ್ತಿಲ್ಲ. ಆ ಹೆಂಗಸರು ಇದನ್ನು ಗಂಭೀರವಾಗಿ ಚರ್ಚಿಸಿಯೇ ಒಂದು ತೀರ್ಮಾನಕ್ಕೆ ಬಂದಿರುತ್ತಾರೆ, ಆ ಚರ್ಚೆ ನಿಮ್ಮ ಅರವತ್ತು ಗಂಟೆಯೊಳಗೆ ಇಲ್ಲ. ಹಬ್ಬದ ದಿನ ಹೋಗಿ ಹಬ್ಬ ಹಿಡಿದು ತಂದಿದ್ದೀರಿ. ಹಿಂದಿನ ದಿನವೇ ಹೋಗಿ ತಯಾರಿ ಹಿಡಿಯಬೇಕಿತ್ತು. ಮುಂದಿನ ಭೂಮಿ ಹುಣ್ಣಿಮೆಗೆ ಮೂರು ದಿನ ಮುಂಚೆ ಹೋಗಿ ಅಡುಗೆಮನೆಯಲ್ಲಿ ಕೂತುಕೊಳ್ಳಿ.

ಮೂರನೆಯದು ದೈವ. ನಾನು ಓಡಾಡಿದ ಮನೆಗಳಲ್ಲಿ ಕೆಲವರು ಚೌಡಿಯ ಕಲ್ಲನ್ನೇ ಹೊತ್ತು ತಂದಿದ್ದರು, ಕೆಲವರು ಬನದ ಒಂದು ಹಿಡಿ ಮಣ್ಣು ತಂದು ಹೊಸ ಕಲ್ಲಿನ ಬುಡಕ್ಕೆ ಹಾಕಿದ್ದರು, ಇನ್ನು ಕೆಲವರು ‘ಅವಳನ್ನು ಅಲ್ಲೇ ಬಿಟ್ಟು ಬಂದೆವು, ಅವಳು ನೀರನ್ನು ಕಾಯುತ್ತಾಳೆ’ ಎಂದರು. ಮೂರು ಉತ್ತರ, ಮೂರು ಬೇರೆ ಬದುಕು. ಇದಕ್ಕೆ ವ್ಯಾಖ್ಯಾನ ಬರೆಯಬೇಡಿ, ಮೂರನ್ನೂ ಪಕ್ಕಪಕ್ಕದಲ್ಲಿಡಿ.

ಮುಳುಗಡೆ ಎಂದರೆ ಜನ ಎದ್ದು ಹೋಗುವುದು ಎಂದೇ ನೀವು ತಿಳಿದಿರುವ ಹಾಗಿದೆ. ಎದ್ದು ಹೋಗದೆಯೂ ಊರು ತಪ್ಪಿಸಿಕೊಂಡವರಿದ್ದಾರೆ. ತುಮರಿಯ ಕಡೆಯ ಕರೂರು, ಬಾರಂಗಿ ಹೋಬಳಿಗಳನ್ನು ನೋಡಿ. ಅವರ ಮನೆ ಇದ್ದಲ್ಲೇ ಇತ್ತು. ಸಾಗರ ಪೇಟೆ ಮಾತ್ರ ಹೊಳೆಯಾಚೆ ಸರಿದುಹೋಯಿತು. ಆಸ್ಪತ್ರೆಗೆ, ಕಾಲೇಜಿಗೆ, ಹೆಣ್ಣು ಕೊಟ್ಟ ಮನೆಗೆ ಹೋಗಬೇಕಾದರೆ ಲಾಂಚಿನ ಹೊತ್ತು ನೋಡಬೇಕಾಯಿತು, ರಾತ್ರಿ ಹೆರಿಗೆ ನೋವು ಬಂದರೆ ಬೆಳಗಾಗುವುದನ್ನು ಕಾಯಬೇಕಾಯಿತು. ಅಂಬಾರಗೋಡ್ಲು-ಕಳಸವಳ್ಳಿ ಸೇತುವೆ ಸಂಚಾರಕ್ಕೆ ತೆರೆದದ್ದು 2025ರ ಜುಲೈ 14ರಂದು. ಎರಡೂವರೆ ಕಿಲೋಮೀಟರಿಗೆ ತುಸು ಕಡಿಮೆ ಉದ್ದದ ಆ ಸೇತುವೆಗೆ ಅರವತ್ತು ವರ್ಷ ಹಿಡಿಯಿತು. ಸೇತುವೆಗೆ ಮುಂಚಿನ ಲಾಂಚ್ ಪಯಣ ನಿಮ್ಮ ಹಾರ್ಡ್‌ಡಿಸ್ಕ್‌ನಲ್ಲಿದೆ. ಅದರಿಂದ ನೀವು ಬಳಸಿರುವುದು ಸೂರ್ಯಾಸ್ತದ ಹನ್ನೆರಡು ಸೆಕೆಂಡು. ಉಳಿದದ್ದನ್ನು ಮತ್ತೆ ನೋಡಿ. ಬೈಕಿನ ಮೇಲೆ ಗೊಬ್ಬರದ ಚೀಲ ಹೇರಿಕೊಂಡು ನಿಂತ ಮನುಷ್ಯ, ಸಮವಸ್ತ್ರದ ಹುಡುಗಿಯರು, ಸಿಗಂದೂರಿಗೆ ಹೊರಟ ಕಾರುಗಳ ನಡುವೆ ಜಾಗಕ್ಕಾಗಿ ಕಾಯುತ್ತಿರುವ ಊರವರು. ಮತ್ತೆಂದೂ ಹಾಗೆಯೇ ಸಿಗದ ದಾಖಲೆ ಅದು, ನೀವು ಅದನ್ನು ವಾಲ್‌ಪೇಪರ್ ಮಾಡಿದ್ದೀರಿ.

ಸಂದರ್ಶನದ ವಿಧಾನದ ಬಗ್ಗೆ ಸ್ವಲ್ಪ. ನಿಮ್ಮ ಪ್ರಶ್ನೆಗಳು ಧ್ವನಿಪಟ್ಟಿಯಲ್ಲಿ ಕೇಳಿಸುತ್ತವೆ: ‘ಊರು ಬಿಡುವಾಗ ನಿಮಗೆ ಏನನ್ನಿಸಿತು?’ ಈ ಪ್ರಶ್ನೆಗೆ ಜನ ಒಂದೋ ಸುಮ್ಮನಾಗುತ್ತಾರೆ, ಇಲ್ಲವೇ ಟಿವಿಯಲ್ಲಿ ಕೇಳಿದ ಉತ್ತರ ಕೊಡುತ್ತಾರೆ. ‘ಹೊಸ ಜಾಗದಲ್ಲಿ ಮೊದಲ ರಾತ್ರಿ ಏನು ಬೇಯಿಸಿದಿರಿ? ನೀರು ಯಾವ ದಿಕ್ಕಿನಿಂದ ತಂದಿರಿ? ಎಮ್ಮೆಯನ್ನು ಯಾವುದಕ್ಕೆ ಕಟ್ಟಿದಿರಿ? ಮಕ್ಕಳನ್ನು ಎಲ್ಲಿ ಮಲಗಿಸಿದಿರಿ?’ ಎಂದು ಕೇಳಿ. ಕೈ ಕೆಲಸ ಮಾಡುತ್ತಿರುವಾಗ ಕೇಳಿ, ಅಡಿಕೆ ಸುಲಿಯುವಾಗ, ಸೊಪ್ಪು ಬಿಡಿಸುವಾಗ. ಬಹಳ ಹಿಂದೆ ಇನ್ನೊಂದು ಕಣಿವೆಯಲ್ಲಿ ನಾನು ಒಬ್ಬ ಮುದುಕರನ್ನು ಪ್ರಶ್ನೆಯ ಮೇಲೆ ಪ್ರಶ್ನೆ ಹಾಕಿ ಅಳಿಸಿದೆ. ಅತ್ತರು, ನಾನು ನಿಧಾನವಾಗಿ ಜೂಮ್ ಮಾಡಿದೆ, ಉತ್ಸವಗಳಲ್ಲಿ ಚಪ್ಪಾಳೆ ಬಂತು. ಆಮೇಲೆ ಅವರ ಊರಿನ ಶಾಲೆಯಲ್ಲೇ ತೋರಿಸಿದೆವು. ಆ ದೃಶ್ಯ ಬಂದಾಗ ಅವರ ಮಗಳು ಎದ್ದು ಹೊರಗೆ ಹೋದಳು. ಮುಗಿದ ಮೇಲೆ ನನಗೆ ಚಹಾ ಕೊಟ್ಟಳು, ಆ ಬಗ್ಗೆ ಒಂದು ಮಾತೂ ಆಡಲಿಲ್ಲ. ಆ ಚಿತ್ರವನ್ನು ನಾನು ಈಗ ಯಾರಿಗೂ ತೋರಿಸುವುದಿಲ್ಲ.

ಭಾಷೆ ಬಾರದು ಎಂದಿರಿ. ಬರುವ ಹಾಗೆ ನಟಿಸಬೇಡಿ, ಅಷ್ಟು ಸಾಕು. ಮುಳುಗಡೆಯ ಮನೆಯ ಒಬ್ಬ ಹುಡುಗನನ್ನೋ ಹುಡುಗಿಯನ್ನೋ ಧ್ವನಿಗ್ರಹಣಕ್ಕೆ ಸೇರಿಸಿಕೊಳ್ಳಿ, ಸಂಬಳ ಕೊಟ್ಟು. ನೀವು ತಪ್ಪಾಗಿ ಹೇಳಿದ ಪದವನ್ನು ಅಜ್ಜಿ ತಿದ್ದುವುದು ಚಿತ್ರದಲ್ಲಿ ಉಳಿಯಲಿ. ಹಕ್ಕಲು, ಬ್ಯಾಣ, ದರಕು, ಮಕ್ಕಿ ಇಂಥ ಪದಗಳನ್ನು ಕನ್ನಡದ ಸಬ್‌ಟೈಟಲ್‌ನಲ್ಲಿ ‘ಜಮೀನು’, ‘ಎಲೆ’ ಎಂದು ಇಸ್ತ್ರಿ ಮಾಡಬೇಡಿ. ಮಕ್ಕಿ ಎಂದರೆ ಮಳೆಯನ್ನೇ ನಂಬಿದ, ಎತ್ತರದ ಗದ್ದೆ. ಲಿಂಗನಮಕ್ಕಿ ಎಂಬ ಹೆಸರಿನೊಳಗೇ ಒಂದು ಗದ್ದೆ ಕೂತಿದೆ ಎಂಬುದು ಎಷ್ಟು ಮಂದಿಗೆ ಹೊಳೆದಿದೆಯೋ! ಅಣೆಕಟ್ಟಿನ ಹೆಸರು ಎಂದೇ ಎಲ್ಲರೂ ತಿಳಿದಿದ್ದಾರೆ.

ಹಕ್ಕಿನ ಪ್ರಶ್ನೆ. ಶರಾವತಿಯ ಮುಳುಗಡೆಯನ್ನು ಕನ್ನಡದ ಓದುಗರ ಎದೆಗೆ ಇಳಿಸಿದ ಕಾದಂಬರಿಕಾರ ನಾ. ಡಿಸೋಜ ಲೋಕೋಪಯೋಗಿ ಇಲಾಖೆಯ ನೌಕರರಾಗಿದ್ದವರು. ಊರು ಮುಳುಗಿಸಿದ ಯಂತ್ರದೊಳಗೆ ಕೂತೇ ಅವರು ಮುಳುಗಿದವರನ್ನು ಕಂಡರು. ಒಳಗಿನವರಿಗೆ ಮಾತ್ರ ಹಕ್ಕು, ಹೊರಗಿನವರಿಗಿಲ್ಲ ಎಂಬ ಗೆರೆ ಅಷ್ಟು ಸುಲಭವಾಗಿ ಎಳೆಯಲು ಬರುವುದಿಲ್ಲ. ನಿಮ್ಮ ನೆಲೆ ಏನು ಎಂಬುದನ್ನು ಮುಚ್ಚಿಡಬೇಡಿ. ಈಗಿನ ಹಿನ್ನೆಲೆ ದನಿ ‘ನಾವು ಕಳೆದುಕೊಂಡ ನೆಲ’ ಎನ್ನುತ್ತದೆ. ನೀವು ಕಳೆದುಕೊಂಡಿಲ್ಲ, ನಿಮ್ಮ ಅಜ್ಜಿ ಕಳೆದುಕೊಂಡರು. ನಿಮಗೆ ಸಿಕ್ಕಿದ್ದು ಬೆಂಗಳೂರು. ಆ ‘ನಾವು’ ತೆಗೆದು ಹಾಕಿ, ದನಿಯ ಅರ್ಧ ಭಾಗ ತಾನಾಗಿ ಉದುರುತ್ತದೆ. ಉಳಿದ ಅರ್ಧವನ್ನು ನೀವು ನಿಜವಾಗಿ ತಿಳಿಯದೆ ಅಜ್ಜಿಗೆ ಕೇಳುವ ಪ್ರಶ್ನೆಗಳಾಗಿ ಮಾರ್ಪಡಿಸಿ.

ಮಡೆನೂರಿನ ಅಣೆಕಟ್ಟು ಮೇಲೇಳುವ ಬರದ ಬೇಸಿಗೆಗೆ ಕಾಯಬೇಕೇ ಎಂದು ಪತ್ರದ ಕೊನೆಯಲ್ಲಿ ಕೇಳಿದ್ದೀರಿ. ನೀರು ತೀರಾ ಇಳಿದ ವರ್ಷ ಅದರ ಸೈಫನ್‌ಗಳು (ಹೆಚ್ಚಿದ ನೀರು ಹೊರಬಿಡುವ ಕೊಳವೆಗಳು) ಕಾಣುತ್ತವೆ, ಛಾಯಾಗ್ರಾಹಕರು ಓಡುತ್ತಾರೆ, ಪತ್ರಿಕೆಗಳಲ್ಲಿ ಬರುತ್ತದೆ. ಒಬ್ಬರೇ ಹೋಗುವುದಾದರೆ ಬೇಡ. ಅಲ್ಲಿ ನಡೆದಾಡಿದ್ದ ಹಿರಿಯರೊಬ್ಬರು ತಾವಾಗಿ ಬರುತ್ತೇನೆ ಎಂದರೆ ಹೋಗಿ, ಅವರ ಹಿಂದೆ ನಡೆಯಿರಿ. ಒಣಗಿದ ಕೆಸರಿನ ಮೇಲೆ ನಿಂತು ‘ಇದು ನಮ್ಮ ಬಚ್ಚಲು’ ಎಂದು ಅವರು ಕೋಲಿನಲ್ಲಿ ಗೆರೆ ಎಳೆಯಬಹುದು. ಎಳೆಯದೇ ಸುಮ್ಮನೆ ವಾಪಸು ಬರಲೂಬಹುದು, ಅದೂ ಸರಿಯೇ. ತಲಕಳಲೆ-ಗೇರುಸೊಪ್ಪೆ ಜಲಾಶಯಗಳ ನಡುವಿನ 2,000 ಮೆಗಾವಾಟ್ ಪಂಪ್ಡ್ ಸ್ಟೋರೇಜ್ (ನೀರನ್ನು ಮೇಲೆತ್ತಿಟ್ಟು, ಬೇಕಾದಾಗ ಇಳಿಸಿ ವಿದ್ಯುತ್ ತೆಗೆಯುವ) ಯೋಜನೆಯನ್ನು ಸೇರಿಸುವ ನಿಮ್ಮ ಯೋಚನೆಗೆ ನನ್ನ ಒಪ್ಪಿಗೆಯಿಲ್ಲ. ಅದು ತನ್ನದೇ ಚಿತ್ರ ಬೇಡುವ ವಿಷಯ. ಕೊನೆಯ ಐದು ನಿಮಿಷದಲ್ಲಿ ಅದನ್ನು ತುರುಕಿದರೆ ಎರಡೂ ಕೆಡುತ್ತವೆ. ನಿಮ್ಮ ಅಜ್ಜಿಯ ಮನೆಯಲ್ಲಿ ಯಾರಾದರೂ ತಾವಾಗಿ ಅದರ ಮಾತೆತ್ತಿದರೆ ಬೇರೆ ವಿಷಯ.

ಅನುಮತಿ, ಹಣ: ಅಣೆಕಟ್ಟಿನ ಸುತ್ತ ಡ್ರೋನ್ ಹಾರಿಸಲು ಒಪ್ಪಿಗೆ ಬೇಕು, ಶರಾವತಿ ಕಣಿವೆಯ ಅಭಯಾರಣ್ಯದೊಳಗೆ ಚಿತ್ರೀಕರಿಸಲು ಅರಣ್ಯ ಇಲಾಖೆಯ ಒಪ್ಪಿಗೆ ಬೇಕು. ಈವರೆಗಿನದ್ದಕ್ಕೆ ಪಡೆದಿದ್ದೀರೋ ಇಲ್ಲವೋ ಎಂದು ನಾನು ಕೇಳುವುದಿಲ್ಲ, ಆದರೆ ಪಡೆಯದ ದೃಶ್ಯವನ್ನು ಚಿತ್ರದಲ್ಲಿ ಇಡಬೇಡಿ. ಸಾರ್ವಜನಿಕ ಪ್ರದರ್ಶನಕ್ಕೆ ಸಾಕ್ಷ್ಯಚಿತ್ರಕ್ಕೂ ಸೆನ್ಸಾರ್ ಪ್ರಮಾಣಪತ್ರ ಬೇಕಾಗುತ್ತದೆ ಎಂಬುದನ್ನು ಹೊಸಬರು ಮರೆಯುತ್ತಾರೆ. ಬೆಂಗಳೂರಿನ ಇಂಡಿಯಾ ಫೌಂಡೇಷನ್ ಫಾರ್ ದಿ ಆರ್ಟ್ಸ್‌ನಂಥ ಸಂಸ್ಥೆಗಳ ಅನುದಾನಕ್ಕೆ ಅರ್ಜಿ ಹಾಕಿ. ತಿರುವನಂತಪುರದ ಸಾಕ್ಷ್ಯಚಿತ್ರೋತ್ಸವ, ಮುಂಬೈ ಉತ್ಸವ ಎರಡಕ್ಕೂ ಕಳಿಸಿ. ಹಣಕ್ಕಿಂತ ಮೊದಲು ಒಂದು ಖರ್ಚು ಕಡಿಮೆ ಮಾಡಿಕೊಳ್ಳಬಹುದು: ಆ ಕೊಳಲಿನವರಿಗೆ ಕೊಡಬೇಕಾದ್ದು. ಸಂಗೀತ ತೆಗೆದು ನೋಡಿ. ಮಳೆಗಾಲದ ಹೆಂಚಿನ ಸದ್ದು ನಿಮ್ಮ ಬಳಿ ಗಂಟೆಗಟ್ಟಲೆ ಇದೆ.

ಕೊನೆಗೆ ಅಜ್ಜಿಯ ಆ ಹಾಳಾದ ಶಾಟ್. ಅದನ್ನು ಬಳಸದಿದ್ದರೂ ರಫ್ ಕಟ್‌ನ ಬಾಲದಲ್ಲಿ ಮರೆತು ಬಿಟ್ಟಿದ್ದೀರಿ, ಹಾಗಾಗಿ ನನಗೆ ಸಿಕ್ಕಿತು. ನಾಲ್ಕು ನಿಮಿಷ ಹತ್ತು ಸೆಕೆಂಡು. ಅಜ್ಜಿ ಎಣಿಸುತ್ತಾರೆ: ಎರಡು ಹಂಡೆ, ಒಂದು ಕಡಾಯಿ, ತೊಟ್ಟಿಲು, ಬಾಗಿಲ ಹಲಗೆ ನಾಲ್ಕು, ಒರಳು ಭಾರವೆಂದು ಬಿಟ್ಟದ್ದು, ಬಿಟ್ಟದ್ದಕ್ಕೆ ಅತ್ತೆ ಮೂರು ದಿನ ಮಾತು ಬಿಟ್ಟದ್ದು. ಅಷ್ಟರಲ್ಲಿ ಕರೆಂಟ್ ಹೋಗುತ್ತದೆ. ತೆರೆ ಕಪ್ಪಾಗುತ್ತದೆ. ನಿಮ್ಮ ದನಿ ‘ಛೆ, ಕಟ್’ ಎನ್ನುತ್ತದೆ, ಆದರೆ ಯಾರೂ ಕ್ಯಾಮೆರಾ ನಿಲ್ಲಿಸಿಲ್ಲ. ಕತ್ತಲಲ್ಲಿ ಅಜ್ಜಿ ಒಂದು ಕ್ಷಣವೂ ತಡೆಯದೆ, ಅದೇ ದನಿಯಲ್ಲಿ, ‘ಒನಕೆ ಎರಡು, ಕೊಳಗ ಒಂದು’ ಎಂದು ಮುಂದುವರಿಸುತ್ತಾರೆ.

ಕೊಳಗ ಒಂದು. ಕೇಳಿಸಿಕೊಂಡಿರಾ? ಆ ಫೈಲಿನ ಎರಡು ಪ್ರತಿ ಮಾಡಿ ಬೇರೆ ಬೇರೆ ಡಿಸ್ಕಿನಲ್ಲಿಡಿ. ಬಣ್ಣ ತಿದ್ದಬೇಡಿ, ಕತ್ತಲನ್ನು ಕತ್ತರಿಸಬೇಡಿ. ಮುಂದಿನ ಸಲ ಊರಿಗೆ ಹೋದಾಗ ಆ ಕೊಳಗ ಈಗ ಎಲ್ಲಿದೆ ಎಂದು ಅಜ್ಜಿಯನ್ನು ಕೇಳಿ.